ಪೋಷಕ ನಟನ ಚರಿತ್ರೆ: ನಂಜನಗೂಡಿನ ಜಿ.ವಿ. ಅಯ್ಯರ್

ಕನ್ನಡ ಚಲನಚಿತ್ರ ಚರಿತ್ರೆಯ ಬರವಣಿಗೆಯಲ್ಲಿ ಗಣಪತಿ ವೆಂಕಟರಮಣ ಅಯ್ಯರ್ ಅವರಿಗೆ ಎರಡು ಪ್ರತ್ಯೇಕ ಸ್ಥಾನಗಳಿವೆ. ಐವತ್ತರ ದಶಕದ ಪೌರಾಣಿಕ ಚಿತ್ರಗಳ ಪಾತ್ರವರ್ಗದಲ್ಲಿ ಅವರದೊಂದು ಹೆಸರು. ಸಂಸ್ಕೃತ ಚಿತ್ರ 'ಆದಿ ಶಂಕರಾಚಾರ್ಯ'ದ ನಿರ್ದೇಶಕರಾಗಿ ಮತ್ತೊಂದು. ಮೊದಲನೆಯದನ್ನು ಹೊಟ್ಟೆಪಾಡಿನ ಕಾಲವೆಂದೂ ಎರಡನೆಯದನ್ನು ಸಾಧನೆಯ ಕಾಲವೆಂದೂ ವಿಂಗಡಿಸುವುದು ಸುಲಭ. ಆದರೆ ಹಾಗೆ ಮಾಡಿದಾಗ ಪೋಷಕ ನಟರಾಗಿದ್ದ ಅಯ್ಯರ್ ಮರೆಯಾಗುತ್ತಾರೆ. ಅವರೊಡನೆ ಕನ್ನಡ ಚಿತ್ರರಂಗಕ್ಕೆ ಹೆಗಲು ಕೊಟ್ಟ ಒಂದು ವರ್ಗವೇ ಮರೆಯಾಗುತ್ತದೆ. ಈ ಎರಡು ಘಟ್ಟಗಳನ್ನು ಒಂದೇ ಬದುಕಾಗಿ ನೋಡುವುದು ಪ್ರಸ್ತುತ ಲೇಖನದ ಉದ್ದೇಶ.

ಅಯ್ಯರ್ ಜನಿಸಿದ್ದು 1917ರ ಸೆಪ್ಟೆಂಬರ್ 3ರಂದು, ನಂಜನಗೂಡಿನಲ್ಲಿ. ಇಲ್ಲಿಂದ ಮುಂದೆ ಹರಿಯುವ ಕಪಿಲೆ ತಿರುಮಕೂಡಲು ನರಸೀಪುರದಲ್ಲಿ ಕಾವೇರಿಯನ್ನು ಸೇರುತ್ತದೆ. ಕಥೆ, ಸಂಗೀತ, ನೃತ್ಯಗಳು ದೇವಾಲಯವನ್ನು ಆಶ್ರಯಿಸಿ ಬೆಳೆದ ಸೀಮೆಯಿದು. ನರಸೀಪುರ ತಾಲ್ಲೂಕಿನ ಮೂಗೂರು ಜೇಜಮ್ಮನವರ ನೃತ್ಯಪರಂಪರೆಯಿಂದ ಪ್ರಸಿದ್ಧವಾಗಿದೆ. ನಂಜನಗೂಡಿನ ಶ್ರೀಕಂಠೇಶ್ವರ ದೇವಾಲಯದಲ್ಲಿ ಅರವತ್ತಮೂವರು ಪುರಾತನರ ವಿಗ್ರಹಗಳಿವೆ. ಬೇಡರ ಕಣ್ಣಪ್ಪನು ಆ ಪುರಾತನರಲ್ಲಿ ಒಬ್ಬ.

ಎಳೆವಯಸ್ಸಿನಲ್ಲಿಯೇ ಅಯ್ಯರ್ ಗುಬ್ಬಿ ವೀರಣ್ಣನವರ ನಾಟಕ ಕಂಪನಿಯನ್ನು ಸೇರಿದರು. 1943ರಲ್ಲಿ ತೆರೆಕಂಡ 'ರಾಧಾರಮಣ' ಅವರ ಮೊದಲ ಚಿತ್ರ, ಟಿ.ಎನ್. ಬಾಲಕೃಷ್ಣ ಅವರ ಚಿತ್ರಜೀವನವೂ ಅದರಿಂದಲೇ ಆರಂಭವಾಯಿತು. 1954ರಲ್ಲಿ ಎಚ್.ಎಲ್.ಎನ್. ಸಿಂಹ ನಿರ್ದೇಶಿಸಿದ 'ಬೇಡರ ಕಣ್ಣಪ್ಪ' ರಾಜ್‌ಕುಮಾರ್ ಅವರನ್ನು ನಾಯಕರನ್ನಾಗಿಸಿತು. ನರಸಿಂಹರಾಜು ಮತ್ತು ಅಯ್ಯರ್ ಅದೇ ಚಿತ್ರದ ಪೋಷಕ ಪಾತ್ರಗಳಲ್ಲಿದ್ದರು. ಅಯ್ಯರ್ ನಟನೆಯೊಂದಿಗೆ ಸಂಭಾಷಣೆ, ಗೀತರಚನೆಗಳನ್ನೂ ಕೈಗೊಂಡರು. ಬೇಕಾದ ಕೆಲಸವನ್ನೆಲ್ಲ ಕಲಿಯಬೇಕಾದ ಕಂಪನಿಯ ಶಿಸ್ತು ಇದರ ಹಿಂದಿತ್ತು.

ಆ ಕಾಲದಲ್ಲಿ ಕನ್ನಡ ಚಿತ್ರಗಳು ಬಹುಮಟ್ಟಿಗೆ ಮದರಾಸಿನ ಸ್ಟುಡಿಯೋಗಳನ್ನು ಅವಲಂಬಿಸಿದ್ದವು. ತಯಾರಾಗುತ್ತಿದ್ದ ಚಿತ್ರಗಳು ಕೆಲವೇ. ಕಲಾವಿದರಿಗೆ ನಿಶ್ಚಿತ ದುಡಿಮೆಯಿರಲಿಲ್ಲ. ಈ ಬಿಕ್ಕಟ್ಟಿನಲ್ಲಿ ರಾಜ್‌ಕುಮಾರ್, ಬಾಲಕೃಷ್ಣ, ನರಸಿಂಹರಾಜು ಮತ್ತು ಅಯ್ಯರ್ ಕಲಾವಿದರ ಸಂಘವನ್ನು ಕಟ್ಟಿ, ನಾಡಿನಲ್ಲಿ ಸಂಚರಿಸಿ ನಾಟಕಗಳನ್ನಾಡಿದರು. ಬಳಿಕ ತಾವೇ ನಿರ್ಮಾಣಕ್ಕಿಳಿದು 1960ರಲ್ಲಿ 'ರಣಧೀರ ಕಂಠೀರವ'ವನ್ನು ತೆರೆಗೆ ತಂದರು. ನಾಲ್ವರಲ್ಲಿ ಮೂವರು ಪೋಷಕ ನಟರೆಂಬುದು ಇಲ್ಲಿ ಗಮನಾರ್ಹ. ಕೂಲಿಗಾಗಿ ದುಡಿಯುತ್ತಿದ್ದವರು ಉದ್ಯಮದ ಹೊಣೆಯನ್ನು ಹೊತ್ತರು; ವಸ್ತುವಾಗಿ 1638ರಿಂದ 1659ರವರೆಗೆ ಆಳಿದ ಮೈಸೂರಿನ ಅರಸನನ್ನು ಆರಿಸಿಕೊಂಡರು. ಏಕೀಕರಣವಾಗಿ ನಾಲ್ಕೇ ವರ್ಷ ಕಳೆದಿದ್ದಾಗ ಈ ಆಯ್ಕೆಗೆ ಸಾಂಸ್ಕೃತಿಕ ಅರ್ಥವೂ ಇತ್ತು.

ಅಯ್ಯರ್ ಅವರ ಮುಂದಿನ ಹಾದಿಗೆ ಈ ಅನುಭವ ಬುನಾದಿಯಾಯಿತು. ಎಸ್.ಎಲ್. ಭೈರಪ್ಪನವರ ಕಾದಂಬರಿಯನ್ನಾಧರಿಸಿದ 'ವಂಶವೃಕ್ಷ'ವನ್ನು ಅವರು ನಿರ್ಮಿಸಿದರು. ಕಾದಂಬರಿಯ ಶ್ರೀನಿವಾಸ ಶ್ರೋತ್ರಿಗಳು ನಂಜನಗೂಡಿನವರು. ಹೀಗೆ ಹುಟ್ಟೂರಿನ ಕಥೆಗೆ ಅಲ್ಲಿನವರೇ ನಿರ್ಮಾಪಕರಾದರು. ಈ ಚಿತ್ರಕ್ಕಾಗಿ ಬಿ.ವಿ. ಕಾರಂತ ಮತ್ತು ಗಿರೀಶ ಕಾರ್ನಾಡರಿಗೆ 1971ನೇ ಸಾಲಿನ ಅತ್ಯುತ್ತಮ ನಿರ್ದೇಶನದ ರಾಷ್ಟ್ರಪ್ರಶಸ್ತಿ ದೊರೆಯಿತು. ತ.ರಾ.ಸು. ಅವರ ಕಾದಂಬರಿಯನ್ನಾಧರಿಸಿ ಅಯ್ಯರ್ ನಿರ್ದೇಶಿಸಿದ 'ಹಂಸಗೀತೆ' 1975ರಲ್ಲಿ ಬಂದಿತು.

1983ರ 'ಆದಿ ಶಂಕರಾಚಾರ್ಯ' ಸಂಸ್ಕೃತದ ಮೊದಲ ಕಥಾಚಿತ್ರ. ಅದಕ್ಕೆ ಅತ್ಯುತ್ತಮ ಕಥಾಚಿತ್ರವೆಂಬ ರಾಷ್ಟ್ರಪ್ರಶಸ್ತಿ ಸಂದಿತು. ಅದರಲ್ಲಿ ಮೃತ್ಯು ಮತ್ತು ಪ್ರಜ್ಞಾನಗಳು ಮನುಷ್ಯರೂಪದಲ್ಲಿ ಶಂಕರರ ಜೊತೆಗೆ ನಡೆಯುತ್ತವೆ. ತತ್ತ್ವವನ್ನು ಪ್ರವಚನದಿಂದಲ್ಲದೆ ಸಹಪಾತ್ರಗಳ ಮೂಲಕ ಕಾಣಿಸುವ ಈ ವಿಧಾನದಲ್ಲಿ, ನಾಯಕನ ಪಕ್ಕದಲ್ಲಿ ನಿಂತು ದುಡಿದ ನಟನ ಅರಿವನ್ನು ಗುರುತಿಸಬಹುದು. ಮುಂದೆ ಕನ್ನಡದಲ್ಲಿ 'ಮಧ್ವಾಚಾರ್ಯ', ತಮಿಳಿನಲ್ಲಿ 'ರಾಮಾನುಜಾಚಾರ್ಯ', ಸಂಸ್ಕೃತದಲ್ಲಿ 'ಭಗವದ್ಗೀತಾ' ಚಿತ್ರಗಳು ಬಂದವು. ಕೊನೆಯದಕ್ಕೂ 1992ನೇ ಸಾಲಿನ ಅತ್ಯುತ್ತಮ ಕಥಾಚಿತ್ರ ಪ್ರಶಸ್ತಿ ಲಭಿಸಿತು.

2003ರ ಡಿಸೆಂಬರ್ 21ರಂದು ಅಯ್ಯರ್ ನಿಧನರಾದರು. 'ಕನ್ನಡ ಚಿತ್ರರಂಗದ ಭೀಷ್ಮ' ಎಂಬ ಬಿರುದು ಅವರ ಹಿರಿತನವನ್ನು ಗೌರವಿಸುತ್ತದೆ. ಅವರು ಬೆಳೆದ ಬಗೆಯನ್ನು ಹೇಳುವುದಿಲ್ಲ. ನಾಯಕರು ಮತ್ತು ನಿರ್ದೇಶಕರನ್ನಷ್ಟೇ ಕೇಂದ್ರವಾಗಿಟ್ಟುಕೊಂಡ ಚಿತ್ರಚರಿತ್ರೆಗೆ 1960ರ ಸಾಹಸ ಅರ್ಥವಾಗದು. ಕಂಪನಿ ನಾಟಕದಿಂದ ಬಂದ ಪೋಷಕ ನಟರ ಚರಿತ್ರೆಯನ್ನು ಪ್ರತ್ಯೇಕವಾಗಿ ರಚಿಸಬೇಕಾದ ಅಗತ್ಯವನ್ನು ಅಯ್ಯರ್ ಅವರ ಬದುಕು ಸ್ಪಷ್ಟಪಡಿಸುತ್ತದೆ.