ಊರು ದಾವಣಗೆರೆಗೆ, ದಾರಿ ಶಿವಮೊಗ್ಗಕ್ಕೆ

ಶಿವಮೊಗ್ಗದಲ್ಲಿ ಬಾಡಿಗೆ ಮನೆ ಹುಡುಕುವವರಿಗೆ, ಆಸ್ಪತ್ರೆಗೆ ಬರುವವರಿಗೆ, ಮಕ್ಕಳನ್ನು ಎಂಜಿನಿಯರಿಂಗ್‌ಗೆ ಸೇರಿಸುವವರಿಗೆ ಸವಳಂಗ ರಸ್ತೆ ಚೆನ್ನಾಗಿ ಗೊತ್ತು. ಸವಳಂಗ ಯಾವ ಜಿಲ್ಲೆಯಲ್ಲಿದೆ ಎಂದು ಕೇಳಿದರೆ ಮಾತ್ರ ಕೆಲವರಾದರೂ ತಡವರಿಸುತ್ತಾರೆ. ಸಾಗರ ರಸ್ತೆ, ಹೊನ್ನಾಳಿ ರಸ್ತೆಗಳಿಗೆ ತಾಲ್ಲೂಕು ಕೇಂದ್ರಗಳ ಹೆಸರಿದೆ. ಬಿ.ಎಚ್. ರಸ್ತೆಯಂತೂ ಬೆಂಗಳೂರು, ಹೊನ್ನಾವರ ಎರಡನ್ನೂ ಹೆಸರಲ್ಲೇ ಇಟ್ಟುಕೊಂಡಿದೆ. ಈ ದೊಡ್ಡವರ ಪಂಕ್ತಿಯಲ್ಲಿ ಸವಳಂಗಕ್ಕೆ ಎಲೆ ಹಾಕಿದವರು ಯಾರು? ಅದೇ ದಾರಿಯ ಮುಂದೆ ಶಿಕಾರಿಪುರ ಇದ್ದೂ, ಹೆಸರು ಮಾತ್ರ ನಡುದಾರಿಯ ಊರಿಗೆ ದಕ್ಕಿತು.

ಊರಿನ ಗಾತ್ರ ನೋಡಿದರೆ ಇದು ಒಗಟು, ನಕಾಶೆ ನೋಡಿದರೆ ಅಲ್ಲ. ಶಿವಮೊಗ್ಗದಿಂದ ಸುಮಾರು 25 ಕಿ.ಮೀ. ದೂರದ ಸವಳಂಗ ಕೂಡುರಸ್ತೆಯ ಊರು. ಒಂದು ದಾರಿ ಶಿಕಾರಿಪುರ, ಶಿರಾಳಕೊಪ್ಪ, ಆನವಟ್ಟಿ ದಾಟಿ ಹಾನಗಲ್ಲಿನ ಕಡೆ ಹೋಗುತ್ತದೆ. ಇನ್ನೊಂದು ನ್ಯಾಮತಿ, ಹೊನ್ನಾಳಿಯತ್ತ ತಿರುಗುತ್ತದೆ. ಮಲೆನಾಡಿನ ಅಡಿಕೆಯ ಸೀಮೆ ಮುಗಿದು ಬಯಲಿನ ಮೆಕ್ಕೆಜೋಳದ ಸೀಮೆ ಶುರುವಾಗುವುದೂ ಇಲ್ಲೇ ಆಸುಪಾಸಿನಲ್ಲಿ. ಸುಗ್ಗಿಯ ದಿನಗಳಲ್ಲಿ ಡಾಂಬರಿನ ಅಂಚಿನಲ್ಲಿ ಮೆಕ್ಕೆಜೋಳ ಹರವಿ, ಕಾಳಿನ ಮೇಲೆ ಗಾಡಿ ಹತ್ತದಂತೆ ಸಾಲಾಗಿ ಕಲ್ಲಿಟ್ಟಿರುತ್ತಾರೆ. ಬೈಕಿನವರು ಬೈದುಕೊಳ್ಳುತ್ತಲೇ ಪಕ್ಕಕ್ಕೆ ಸರಿದು ಹೋಗುತ್ತಾರೆ.

ಡಾಂಬರು ಬರುವ ಮೊದಲೂ ಈ ಸೀಮೆಯಲ್ಲಿ ಸರಕು ಸಾಗಣೆ ಇತ್ತು. ಅದನ್ನು ಬಲ್ಲವರು ಬಂಜಾರರು. ಎತ್ತುಗಳ ಬೆನ್ನಿಗೆ ಗೋಣಿ ಹೇರಿ, ಕರಾವಳಿಯ ಉಪ್ಪನ್ನು ಒಳನಾಡಿಗೂ ಒಳನಾಡಿನ ದವಸವನ್ನು ಬೇರೆಡೆಗೂ ಸಾಗಿಸುತ್ತಿದ್ದ ಜನ. ಮೊಘಲರಿಂದ ಬ್ರಿಟಿಷರವರೆಗೆ ದಖ್ಖನ್ನಿನಲ್ಲಿ ದಂಡೆತ್ತಿ ನಡೆದವರೆಲ್ಲ ದಂಡಿನ ಅನ್ನಕ್ಕೆ ಅವರನ್ನು ನೆಚ್ಚಿದರು. 1799ರಲ್ಲಿ ಶ್ರೀರಂಗಪಟ್ಟಣದ ಮೇಲೆ ಹೋದ ಇಂಗ್ಲಿಷ್ ಸೈನ್ಯದ ಹಿಂದೆಯೂ ಅವರ ಎತ್ತಿನ ಹಿಂಡುಗಳಿದ್ದವು. ಆ ಸಮುದಾಯದ ಆರಾಧ್ಯ ಸಂತ ಸೇವಾಲಾಲರು 1739ರ ಫೆಬ್ರುವರಿ 15ರಂದು ಹುಟ್ಟಿದ್ದು ಈಗಿನ ನ್ಯಾಮತಿ ತಾಲ್ಲೂಕಿನ ಸೂರಗೊಂಡನಕೊಪ್ಪದಲ್ಲಿ ಎಂಬುದು ಬಂಜಾರರ ನಂಬಿಕೆ. ಅವರ ಬಾಯಲ್ಲಿ ಅದು ಭಾಯಾಗಡ. ಫೆಬ್ರುವರಿ ಬಂತೆಂದರೆ ಮಾಲೆ ಧರಿಸಿದವರು ಗುಂಪುಗುಂಪಾಗಿ ನಡೆದು ಇಲ್ಲಿಗೆ ಬರುತ್ತಾರೆ.

ಎತ್ತಿನ ಹೇರಿನ ವ್ಯಾಪಾರವನ್ನು ಮುಗಿಸಿದ್ದು ಗಾಡಿ ರಸ್ತೆ ಮತ್ತು ರೈಲು. ಮಾರ್ಕ್ ಕಬ್ಬನ್ ಮೈಸೂರಿನ ಕಮಿಷನರ್ ಆಗಿದ್ದ 1834ರಿಂದ 1861ರವರೆಗಿನ ಅವಧಿಯಲ್ಲಿ ಸಂಸ್ಥಾನದ ಉದ್ದಗಲಕ್ಕೂ ರಸ್ತೆಗಳಾದವು, ಘಟ್ಟಗಳಿಗೂ ದಾರಿ ಕಡಿದರು. 1899ರಲ್ಲಿ ಬೀರೂರಿನಿಂದ ಶಿವಮೊಗ್ಗಕ್ಕೆ ರೈಲು ಬಂತು. ಅಲ್ಲಿಗೆ ಸವಳಂಗದ ದಾರಿಗೆ ಹೊಸ ಕೆಲಸ ಸಿಕ್ಕಿತು: ಶಿಕಾರಿಪುರದ ಕಡೆಯವರನ್ನು ರೈಲಿಗೆ ಮುಟ್ಟಿಸುವುದು. ಹಳಿಯನ್ನು 1930ರ ದಶಕದಲ್ಲಿ ಪಶ್ಚಿಮಕ್ಕೆ ಎಳೆದರು. 1940ರಲ್ಲಿ ಅದು ತಾಳಗುಪ್ಪ ಮುಟ್ಟಿತು. ಸಾಗರಕ್ಕೆ ರೈಲಾಯಿತು, ಶಿಕಾರಿಪುರಕ್ಕೆ ಆಗಲಿಲ್ಲ.

ತಾಳಗುಪ್ಪದ ಹಳಿ ಹೋಗುವಾಗ ಸವಳಂಗ ರಸ್ತೆಯನ್ನು ಅಡ್ಡ ಹಾಯ್ದು ಹೋಯಿತು. ರೈಲು ಕಡಿಮೆ, ಊರು ಚಿಕ್ಕದು ಇದ್ದ ಕಾಲಕ್ಕೆ ಗೇಟು ಯಾರಿಗೂ ಭಾರವಾಗಿರಲಿಲ್ಲ. ಆಮೇಲೆ ಊರು ಹಳಿ ದಾಟಿ ಬೆಳೆಯಿತು. ರಾಷ್ಟ್ರೀಯ ಶಿಕ್ಷಣ ಸಮಿತಿ 1980ರಲ್ಲಿ ಜವಾಹರಲಾಲ್ ನೆಹರೂ ಎಂಜಿನಿಯರಿಂಗ್ ಕಾಲೇಜು ತೆರೆಯಿತು. ಅದರ ಆವರಣ ಇರುವುದು ಈ ರಸ್ತೆಯ ನವುಲೆಯಲ್ಲಿ. ಕೃಷಿ ಕಾಲೇಜೂ ಅಲ್ಲಿಗೇ ಬಂತು. 2012ರಲ್ಲಿ ಕೃಷಿ ಮತ್ತು ತೋಟಗಾರಿಕೆ ವಿಶ್ವವಿದ್ಯಾಲಯವಾದಾಗ ಅದರ ಆರಂಭದ ನೆಲೆಯೂ ನವುಲೆಯೇ. ಕ್ರಿಕೆಟ್ ಮೈದಾನವಾಗಿ, 2020ರಲ್ಲಿ ಕರ್ನಾಟಕ ಇಲ್ಲಿ ಮಧ್ಯಪ್ರದೇಶದ ವಿರುದ್ಧ ರಣಜಿ ಪಂದ್ಯ ಆಡಿತು. ಉಷಾ ನರ್ಸಿಂಗ್ ಹೋಂ ವೃತ್ತದ ಸುತ್ತ ದವಾಖಾನೆ, ಔಷಧಿ ಅಂಗಡಿಗಳು ತುಂಬಿಕೊಂಡವು. ಇಷ್ಟೆಲ್ಲ ಆದ ಮೇಲೂ ನಡುವೆ ಅದೇ ಗೇಟು! ಗೇಟು ಬಿತ್ತೆಂದರೆ ಕಾಲೇಜಿನ ಹುಡುಗರು, ಹಾಲಿನ ಗಾಡಿ, ಆಂಬುಲೆನ್ಸು ಎಲ್ಲವೂ ಒಂದೇ ಸಾಲು. ಈಚೆಗೆ ಮೇಲ್ಸೇತುವೆ ಆಗಿ ಆ ಕಾಯುವಿಕೆ ತಪ್ಪಿತು. ಆಸ್ಪತ್ರೆಗಳಿರುವ ಬೀದಿಗೆ ಈ ಸೇತುವೆ ತಡವಾಗಿಯೇ ಬಂತು ಎನ್ನಬೇಕು.

ರಸ್ತೆಯ ಈ ತುದಿಯ ಕಥೆ ಇದಾದರೆ, ಆ ತುದಿಯಲ್ಲಿ ಜಿಲ್ಲೆಯೇ ಬದಲಾಯಿತು. ಚನ್ನಗಿರಿ ತಾಲ್ಲೂಕಿನ ಕಾರಿಗನೂರಿನವರಾದ ಜೆ.ಎಚ್. ಪಟೇಲರು ಮುಖ್ಯಮಂತ್ರಿಯಾಗಿದ್ದಾಗ, 1997ರ ಆಗಸ್ಟ್ 15ರಂದು ದಾವಣಗೆರೆ ಜಿಲ್ಲೆ ಹುಟ್ಟಿತು. ಚಿತ್ರದುರ್ಗದ ಜಗಳೂರು, ಶಿವಮೊಗ್ಗದ ಚನ್ನಗಿರಿ, ಹೊನ್ನಾಳಿಗಳೆಲ್ಲ ಅದಕ್ಕೆ ಸೇರಿದವು. ಹೊನ್ನಾಳಿ ತಾಲ್ಲೂಕಿನಲ್ಲಿದ್ದ ಸವಳಂಗವೂ ಜೊತೆಗೇ ಹೋಯಿತು. 2018ರಲ್ಲಿ ನ್ಯಾಮತಿ ಬೇರೆ ತಾಲ್ಲೂಕಾದಾಗ ಅದರ ಪಾಲಿಗೆ ಬಂತು. ಅಲ್ಲಿಗೆ ಶಿವಮೊಗ್ಗದ ಸವಳಂಗ ರಸ್ತೆ ಪಕ್ಕದ ಜಿಲ್ಲೆಯ ಊರಿನ ಹೆಸರು ಹೊತ್ತ ರಸ್ತೆಯಾಯಿತು. ಸವಳಂಗದಿಂದ ದಾವಣಗೆರೆ ಶಿವಮೊಗ್ಗದ ಎರಡು ಪಟ್ಟಿಗೂ ಹೆಚ್ಚು ದೂರ. ಹೀಗಾಗಿ ಜಿಲ್ಲಾಧಿಕಾರಿ ಕಚೇರಿ ಆ ಕಡೆ, ಆಸ್ಪತ್ರೆ, ಕಾಲೇಜು, ಬಟ್ಟೆಬರೆ ಈ ಕಡೆ. ಸವಳಂಗದ ವೃತ್ತದಲ್ಲಿ ನಿಂತರೆ ಕೆಎ-14 ಮತ್ತು ಕೆಎ-17ರ ನಂಬರ್ ಪ್ಲೇಟುಗಳು ಕಲೆಸಿಕೊಂಡು ಓಡಾಡುವುದು ಕಾಣುತ್ತದೆ. ಗಡಿ ಎಳೆಯುವವರು ಬಸ್ಸು ಯಾವ ಕಡೆ ಹೋಗುತ್ತದೆಂದು ಕೇಳಿ ಎಳೆದಿದ್ದರೆ ಸವಳಂಗ ಇದ್ದಲ್ಲೇ ಇರುತ್ತಿತ್ತು.

ಬಸ್ಸಿನ ಮಾತು ಬಂದರೆ, ಈ ಸೀಮೆ ಮೊದಲಿನಿಂದಲೂ ಖಾಸಗಿ ಬಸ್ಸುಗಳ ಸೀಮೆ. ಶಿವಮೊಗ್ಗದಲ್ಲಿ ಸರ್ಕಾರಿ ನಿಲ್ದಾಣದ ಪಕ್ಕದಲ್ಲೇ ಖಾಸಗಿ ನಿಲ್ದಾಣ. ಅಲ್ಲಿ ‘ಸವ್ಳಂಗ, ಶಿಕಾರಿಪುರ, ಶಿರಾಳ್ಕೊಪ್ಪ’ ಎಂದು ಒಂದೇ ಉಸಿರಿನಲ್ಲಿ ಕೂಗುತ್ತಾರೆ. 2023ರ ಜೂನ್ 11ರಂದು ಶಕ್ತಿ ಯೋಜನೆ ಜಾರಿಯಾದ ಮೇಲೆ ಹೆಂಗಸರಿಗೆ ಸರ್ಕಾರಿ ಬಸ್ಸು ಉಚಿತ. ಖಾಸಗಿ ಬಸ್ಸೇ ಹೆಚ್ಚಿರುವ ಕಡೆ ಆ ಉಚಿತವನ್ನು ಕಾದು ಪಡೆಯಬೇಕು.

ಇನ್ನು ಶಿಕಾರಿಪುರಕ್ಕೆ ರೈಲು. 2023ರ ಫೆಬ್ರುವರಿ 27ರಂದು, ಸೋಗಾನೆಯ ವಿಮಾನ ನಿಲ್ದಾಣ ಉದ್ಘಾಟಿಸಿದ ದಿನವೇ, ಪ್ರಧಾನಿ ನರೇಂದ್ರ ಮೋದಿ ಶಿವಮೊಗ್ಗ–ಶಿಕಾರಿಪುರ–ರಾಣೆಬೆನ್ನೂರು ಮಾರ್ಗಕ್ಕೆ ಅಡಿಗಲ್ಲು ಹಾಕಿದರು. ಆಗ ಹೇಳಿದ ವೆಚ್ಚ 990 ಕೋಟಿ ರೂಪಾಯಿ. ವಿಮಾನ ಅದೇ ವರ್ಷದ ಆಗಸ್ಟ್ 31ರಿಂದ ಹಾರಾಟ ಶುರುಮಾಡಿತು. ರೈಲು ಓಡುವವರೆಗೆ ಶಿಕಾರಿಪುರದವರಿಗೆ ಶಿವಮೊಗ್ಗದ ನಿಲ್ದಾಣ ಮುಟ್ಟಲು ಸವಳಂಗದ ಬಸ್ಸೇ ಗತಿ.