ಬೆಟ್ಟವನ್ನು ನೋಡಿದವರು ಯಾರು?

ರಾಯಚೂರಿನ ಯಾಪಲದಿನ್ನಿಯ ಹೆಸರಿನಲ್ಲಿ ಬೆಟ್ಟವಿಲ್ಲ, ದಿನ್ನೆಯಷ್ಟೇ ಇದೆ. ನಮ್ಮ ಕಡೆ ದಿನ್ನಿ ಎಂದರೆ ಸುತ್ತಲಿಗಿಂತ ತುಸು ಎತ್ತರದ ನೆಲ. ಅಂತಹ ಊರಿನ ಮಕ್ಕಳಿಗೆ ನಾನು ಪ್ರಪಂಚದ ಖಾಲಿ ನಕ್ಷೆ ಕೊಟ್ಟು ಹತ್ತು ಪರ್ವತಶ್ರೇಣಿಗಳನ್ನು ಗುರುತಿಸಲು ಹೇಳುತ್ತಿದ್ದೆ. ದಕ್ಷಿಣ ಅಮೆರಿಕದ ಪಶ್ಚಿಮ ಅಂಚಿನಲ್ಲಿ ಆಂಡೀಸ್, ಉತ್ತರ ಅಮೆರಿಕದಲ್ಲಿ ರಾಕಿ, ಯುರೋಪಿನಲ್ಲಿ ಆಲ್ಪ್ಸ್, ಆಫ್ರಿಕದ ವಾಯವ್ಯದಲ್ಲಿ ಅಟ್ಲಾಸ್. ಹೆಸರಿಗೊಂದು ಅಂಕ.

ಒಮ್ಮೆ ಒಬ್ಬ ಹುಡುಗ ಎದ್ದುನಿಂತು, "ಇವು ಅಲ್ಲೇ ಅದಾವ ಅಂತ ಯಾರು ನೋಡ್ಯಾರ್ರೀ ಸರ್?" ಎಂದು ಕೇಳಿದ. "ಪುಸ್ತಕದಲ್ಲಿದೆ, ಕುಳಿತುಕೋ" ಎಂದುಬಿಟ್ಟೆ. ತರಗತಿ ನಕ್ಕಿತು. ಅವನು ಮತ್ತೆಂದೂ ಪ್ರಶ್ನೆ ಕೇಳಲಿಲ್ಲ. ಅಂದು ಕೊಡಬೇಕಾಗಿದ್ದ ಉತ್ತರವನ್ನು ಇಂದು ಬರೆಯುತ್ತಿದ್ದೇನೆ.

ಪುಸ್ತಕದಲ್ಲಿದ್ದ ಮಾತ್ರಕ್ಕೆ ಬೆಟ್ಟ ಇರಬೇಕೆಂದಿಲ್ಲ. ಬಂಗಾಳದ ಭೂಮಾಪನದಿಂದ ಹೆಸರಾದ ಜೇಮ್ಸ್ ರೆನೆಲ್ 1798ರಲ್ಲಿ ಪಶ್ಚಿಮ ಆಫ್ರಿಕದ ನಕ್ಷೆ ರಚಿಸಿದನು. ಪ್ರವಾಸಿ ಮುಂಗೋ ಪಾರ್ಕ್ ದೂರದಿಂದ ಕಂಡ ಕೆಲವು ಬೆಟ್ಟಗಳನ್ನು ಆಧಾರವಾಗಿಟ್ಟುಕೊಂಡು ಅದರಲ್ಲಿ 'ಕಾಂಗ್ ಪರ್ವತ'ಗಳೆಂಬ ಉದ್ದನೆಯ ಸಾಲನ್ನೇ ಎಳೆದನು. ನೈಜರ್ ನದಿ ದಕ್ಷಿಣದ ಸಮುದ್ರವನ್ನು ಸೇರುವುದಿಲ್ಲವೆಂಬ ಅವನ ನಂಬಿಕೆಗೆ ಆ ಸಾಲು ಒತ್ತಾಸೆಯಾಗಿತ್ತು. ಮುಂದಿನ ನಕ್ಷೆಕಾರರು ಅದನ್ನೇ ನಕಲು ಮಾಡಿದರು. 1887ರಿಂದ 1889ರವರೆಗೆ ಆ ಸೀಮೆಯಲ್ಲಿ ಸಂಚರಿಸಿದ ಫ್ರೆಂಚ್ ಅಧಿಕಾರಿ ಲೂಯಿ ಬಿಂಗರ್ ಅಲ್ಲಿ ಅಂತಹ ಶ್ರೇಣಿಯೇ ಇಲ್ಲವೆಂದು ವರದಿ ಮಾಡಿದನು. ಅಲ್ಲಿಯವರೆಗೆ ಪರೀಕ್ಷೆಯಲ್ಲಿ 'ಕಾಂಗ್' ಗುರುತಿಸಿದ ಬಾಲಕನಿಗೆ ಪೂರ್ಣ ಅಂಕವೇ ಸಿಗುತ್ತಿತ್ತು!

ಹಾಗಾದರೆ ನಂಬಲರ್ಹವಾದ ನಕ್ಷೆ ಹುಟ್ಟುವುದು ಹೇಗೆ? ಅದರ ಒಂದು ಅಧ್ಯಾಯ ನಮ್ಮ ನಾಡಿನಲ್ಲೇ ನಡೆಯಿತು. ವಿಲಿಯಂ ಲ್ಯಾಂಬ್ಟನ್ 1800ರಲ್ಲಿ ಬೆಂಗಳೂರಿನ ಬಳಿ ಒಂದು ಆಧಾರರೇಖೆಯನ್ನು ಅಳೆದನು. 1802ರಲ್ಲಿ ಮದ್ರಾಸಿನ ಬಳಿ ಮತ್ತೊಂದನ್ನು ಅಳೆದು, ಅಲ್ಲಿಂದ ಮಂಗಳೂರಿನ ಕಡಲತೀರದವರೆಗೆ ತ್ರಿಕೋನಗಳ ಸರಪಳಿಯನ್ನು ಹೆಣೆದನು. ಸುಮಾರು 400 ಮೈಲಿ ಎಂದು ನಂಬಿದ್ದ ಅಗಲ 360 ಮೈಲಿಯಷ್ಟೇ ಎಂದು ತಿಳಿಯಿತು. ಒಂದು ಬಾಹುವಿನ ಉದ್ದ ಮತ್ತು ಎರಡು ಕೋನಗಳು ತಿಳಿದರೆ ಉಳಿದ ಬಾಹುಗಳು ತಿಳಿಯುತ್ತವೆ. ನೀವು ಪ್ರೌಢಶಾಲೆಯಲ್ಲಿ ಬೈದುಕೊಂಡು ಕಲಿತ ತ್ರಿಕೋನಮಿತಿಯೇ ಇದಕ್ಕೆ ಬುನಾದಿ.

ಈ ಮೋಜಣಿಯ ಮುಖ್ಯ ಸರಪಳಿ 78ನೆಯ ರೇಖಾಂಶದ ಸಮೀಪದಲ್ಲಿ, ಅಂದರೆ ನಮ್ಮ ರಾಯಚೂರಿಗೆ ತುಸು ಪೂರ್ವದಲ್ಲಿ, ಉತ್ತರಕ್ಕೆ ಸಾಗಿತು. ಮುಂದೆ ಇದೇ ಮೋಜಣಿ ಹಿಮಾಲಯದ ಶಿಖರಗಳನ್ನೂ ಅಳೆಯಿತು. ರಾಧಾನಾಥ ಸಿಕ್ದರ್ ಮೊದಲಾದವರ ಗಣನೆಯ ಬಲದಿಂದ, 15ನೆಯ ಸಂಖ್ಯೆಯ ಶಿಖರ 29,002 ಅಡಿ ಎತ್ತರವಿದೆಯೆಂದು 1856ರಲ್ಲಿ ಪ್ರಕಟಿಸಲಾಯಿತು. ಅದಕ್ಕೆ ಎವರೆಸ್ಟ್ ಎಂಬ ಹೆಸರು ನಿಂತಿತು. ಶಿಖರವನ್ನು ಯಾರೂ ಏರದೆ, ನೂರು ಮೈಲಿಗೂ ಹೆಚ್ಚು ದೂರದಿಂದ ಮಾಡಿದ ಲೆಕ್ಕವದು. 2020ರಲ್ಲಿ ನೇಪಾಳ ಮತ್ತು ಚೀನಾ ಘೋಷಿಸಿದ ಎತ್ತರ 8,848.86 ಮೀಟರ್, ಸುಮಾರು 29,032 ಅಡಿ. ವ್ಯತ್ಯಾಸ 30 ಅಡಿಯಷ್ಟೇ.

ಹೆಸರು ಮತ್ತು ಸ್ಥಳವನ್ನು ಕಂಠಪಾಠ ಮಾಡುವುದು ವ್ಯರ್ಥವೆಂದು ನಾನು ಹೇಳಲಾರೆ. ಅದಿಲ್ಲದೆ ಮುಂದಿನ ಮಾತೇ ಇಲ್ಲ. ಆದರೆ ಹತ್ತು ಹೆಸರುಗಳ ಜೊತೆಗೆ ಹನ್ನೊಂದನೆಯ ಪ್ರಶ್ನೆಯೊಂದನ್ನು ನಾನು ಇಡಬೇಕಾಗಿತ್ತು: ಇದು ನಮಗೆ ಹೇಗೆ ಗೊತ್ತು? ಆ ಹುಡುಗ ಅದನ್ನೇ ಕೇಳಿದ್ದನು. ಅವನು ಎಲ್ಲಿದ್ದರೂ ಇದನ್ನು ಓದಲಿ. ಅಂದು ಕೊಡದೆ ಉಳಿಸಿಕೊಂಡ ಅಂಕ ಅವನಿಗೇ ಸಲ್ಲತಕ್ಕದ್ದು.