ಆನಿ ಬೆನ್ನಿನ ಗುಡಿ

ಐಹೊಳೆಯ ದುರ್ಗ ಗುಡಿ ಬಗ್ಗೆ ಓದಿದ್ರ ‘ಗಜಪೃಷ್ಠ’ ಅನ್ನೂ ಶಬ್ದ ಬರತೈತಿ. ಗಜ ಅಂದ್ರ ಆನಿ, ಪೃಷ್ಠ ಅಂದ್ರ ಬೆನ್ನು, ಹಿಂಭಾಗ. ಗುಡಿ ಹಿಂದ ಹೋಗಿ ನೋಡ್ರಿ ಅಕ್ಕಾರ: ಮೂಲಿ ಅನ್ನೂದ ಇಲ್ಲ, ಗ್ವಾಡಿ ಗುಂಡಗ ತಿರುಗೇತಿ, ಆನಿ ಕುಂತಂಗ. ಬೌದ್ಧರ ಚೈತ್ಯಗಳಿಗೂ ಇದ ಆಕಾರ. ಏಳು-ಎಂಟನೇ ಶತಮಾನದಾಗ, ಬಾದಾಮಿ ಚಾಲುಕ್ಯರ ಕಾಲಕ್ಕ, ಕಲ್ಲಾಗ ಹಿಂಗ ಕಟ್ಟಿದ್ರು. ಸೊಂಡಿ-ಕಾಲು ಹುಡುಕಬ್ಯಾಡ್ರಿ ಮತ್ತ, ಶಬ್ದ ಹೇಳೂದು ಹಿಂದಿನ ಗುಂಡನ್ನ ಅಷ್ಟ. ಮ್ಯಾಲಿನ ಶಿಖರ ಬ್ಯಾರೆ ನಮೂನಿ.

ನಮ್ಮ ಗುಳೇದಗುಡ್ಡದ ಖಣ ಹಿಡಕೊಂಡು ದುರ್ಗವ್ವನ ಉಡಿ ತುಂಬಾಕ ಹೊಂಟಿದ್ರ ಒಂದು ಮಾತು. ಆ ಹೆಸರು ದೇವಿದಲ್ಲ, ಕೋಟಿದು; ದುರ್ಗ ಅಂದ್ರ ಕೋಟಿ. ಅಲ್ಲಿನ ಶಾಸನ ಆದಿತ್ಯನ, ಅಂದ್ರ ಸೂರ್ಯನ, ಗುಡಿ ಅಂತೈತಿ. ಹಂಗಂತ ಅವ್ವ ಇಲ್ಲ ಅನಬ್ಯಾಡ್ರಿ: ಪ್ರದಕ್ಷಿಣಿ ಹಾಕೂ ಹಾದ್ಯಾಗ, ಗೂಡಿನೊಳಗ ಮಹಿಷಮರ್ದಿನಿ ನಿಂತಾಳ.